ಕೋಡಿಂಗ್ ಬ್ಯಾಚ್‌ಗೆ ಹೊಸದಾಗಿ ಸೇರುವವರಿಗೆ

ಮೆಕ್ಯಾನಿಕಲ್, ಸಿವಿಲ್, ಬಿಎಸ್ಸಿ ಮುಗಿಸಿದ ಹುಡುಗ ಹುಡುಗಿಯರು ಊರು ಬಿಟ್ಟು ಬಂದು, ಬೆಂಗಳೂರಿನ ಬಿಟಿಎಂ ಲೇಔಟ್, ಮಾರತ್ತಹಳ್ಳಿ ಕಡೆ ಪಿಜಿ ಹಿಡಿದು ಜಾವಾ ಫುಲ್‌ಸ್ಟ್ಯಾಕ್ ಕೋರ್ಸ್‌ಗೆ ಸೇರುತ್ತಾರೆ. ಅಂಥ ಬ್ಯಾಚ್‌ಗಳಿಗೆ ಪಾಠ ಹೇಳುತ್ತ ನಾನು ಕಲಿತದ್ದು ಇದು.

1. ಮೊದಲ ವಾರವೇ ಅಕ್ಕಪಕ್ಕದವರ ಪರಿಚಯ ಮಾಡಿಕೊಳ್ಳಿ. ಲೂಪ್ ಅರ್ಥವಾಗುವಷ್ಟರಲ್ಲಿ ಅರೇ ಬಂದಿರುತ್ತದೆ. ಜ್ವರ ಬಂದು ಎರಡು ದಿನ ತಪ್ಪಿಸಿಕೊಂಡವರಿಗೆ ನೋಟ್ಸ್ ಸಾಲದು, ಕೂರಿಸಿಕೊಂಡು ಹೇಳುವ ಗೆಳೆಯರು ಬೇಕು.

2. ಡೌಟನ್ನು ಕನ್ನಡದಲ್ಲೇ ಕೇಳಿ. ಇಂಗ್ಲಿಷ್ ಜೋಡಿಸಿಕೊಳ್ಳುವಷ್ಟರಲ್ಲಿ ಪಾಠ ಮುಂದೆ ಹೋಗಿರುತ್ತದೆ. ಜಾವಾದಲ್ಲಿ ಎರಡು ಸ್ಟ್ರಿಂಗ್‌ಗಳನ್ನು == ಹಾಕಿ ಹೋಲಿಸುವುದನ್ನೇ ನೋಡಿ. ಕೋಡಿನಲ್ಲೇ ಬರೆದ ಪದಗಳಾದರೆ ಉತ್ತರ ಸರಿ ಬರುತ್ತದೆ. ಅದೇ ಪದಗಳನ್ನು ಸ್ಕ್ಯಾನರ್‌ನಿಂದ ಓದಿಕೊಂಡರೆ 'ಫಾಲ್ಸ್'. ಒಮ್ಮೆ ಇದಕ್ಕೆ ಎಲ್ಲರೂ ತಲೆ ಕೆರೆದುಕೊಳ್ಳುತ್ತಿದ್ದಾಗ ಹಾವೇರಿ ಕಡೆಯ ಹುಡುಗಿಯೊಬ್ಬಳು ಪಕ್ಕದವಳಿಗೆ, "ಎರಡೂ ಮನಿ ಒಂದ ನಮೂನಿ ಕಟ್ಟ್ಯಾರ, ಆದ್ರ ವಿಳಾಸ ಬ್ಯಾರೆ ಅದಾವಲ್ಲ" ಅಂದಳು. ==‌ ನೋಡುವುದು ವಿಳಾಸವನ್ನು; ಒಳಗಿರುವುದನ್ನು ಹೋಲಿಸಲು ಈಕ್ವಲ್ಸ್ ಬೇಕು. ಆಮೇಲೆ ಇಡೀ ಸಾಲು ಅವಳ ಸುತ್ತ ಕೂರತೊಡಗಿತು.

3. ಒಂದೇ ಲ್ಯಾಪ್‌ಟಾಪಿನಲ್ಲಿ ಇಬ್ಬರು ಕೂತು ಬರೆಯಿರಿ. ಸಾಫ್ಟ್‌ವೇರ್ ಎಂಜಿನಿಯರ್ ಕೆಂಟ್ ಬೆಕ್ 1999ರ ತಮ್ಮ ಪುಸ್ತಕದಲ್ಲಿ ಪ್ರತಿಪಾದಿಸಿದ ಪೇರ್ ಪ್ರೋಗ್ರಾಮಿಂಗ್ ಇದೇ. ನನ್ನದೊಂದು ಕಟ್ಟುನಿಟ್ಟು: ಕೀಬೋರ್ಡ್ ಕಡಿಮೆ ಗೊತ್ತಿರುವವರ ಕೈಯಲ್ಲಿರಲಿ. ಚೆನ್ನಾಗಿ ಬಲ್ಲವರು ಟೈಪ್ ಮಾಡುತ್ತ ಹೋದರೆ ಇನ್ನೊಬ್ಬರು ಬರೀ ಪ್ರೇಕ್ಷಕರು. ಬಲ್ಲವರಿಗೂ ಲಾಭವಿದೆ, ಬಾಯಲ್ಲಿ ವಿವರಿಸುವಾಗಲೇ ತಮಗೆ ಎಲ್ಲಿ ಅರ್ಥವಾಗಿಲ್ಲ ಎಂಬುದು ಸಿಕ್ಕಿಬೀಳುತ್ತದೆ.

4. ಪ್ರಾಜೆಕ್ಟ್ ಶುರುವಾದಾಗ ಜಗಳ ಬರುವುದು ಎಲ್ಲರ ಕೋಡ್ ಕೂಡಿಸುವ ಗಿಟ್‌ನಲ್ಲಿ. ಇಬ್ಬರು ಒಂದೇ ಸಾಲು ತಿದ್ದಿದ್ದರೆ ಗಿಟ್ ಎರಡನ್ನೂ ತೋರಿಸಿ, ಯಾವುದು ಬೇಕೆಂದು ನಿಮ್ಮನ್ನೇ ಕೇಳುತ್ತದೆ. ಬರೆದವರನ್ನು ಕೇಳದೆ ಅವರ ಸಾಲು ಅಳಿಸಬೇಡಿ. ರಾತ್ರಿ ಕೂತು ಬರೆದದ್ದು ಬೆಳಗ್ಗೆ ಕಾಣದಿದ್ದರೆ ಆಗುವ ನೋವು ಸಣ್ಣದಲ್ಲ. ಹಳೆಯ ಕಮಿಟ್‌ನಿಂದ ಕೋಡ್ ವಾಪಸ್ ತರಬಹುದು, ಮಾತು ಬಿಟ್ಟವರನ್ನು ಕರೆತರುವುದು ಕಷ್ಟ.

5. ಇಂಟರ್‌ವ್ಯೂಗಳು ಶುರುವಾದ ಮೇಲೆ ಒಬ್ಬರಿಗೆ ಮೊದಲು ಆಫರ್ ಬರುತ್ತದೆ, ಉಳಿದವರ ಮುಖ ಬಾಡುತ್ತದೆ. ಆಗ ಕೆಲಸ ಸಿಕ್ಕವರು ಗುಂಪು ಬಿಟ್ಟು ಹೋಗಬಾರದು ಎನ್ನುತ್ತೇನೆ. ಯಾವ ಪ್ರಶ್ನೆ ಕೇಳಿದರು, ಎಲ್ಲಿ ತಡವರಿಸಿದಿರಿ, ಎಲ್ಲವನ್ನೂ ಅಂದೇ ಬರೆದು ಗುಂಪಿಗೆ ಕಳಿಸಿ. ಶನಿವಾರ ಬಂದು ಉಳಿದವರಿಗೆ ಮಾಕ್ ಇಂಟರ್‌ವ್ಯೂ ಮಾಡಿ. ಅವರು ನನ್ನ ಮುಂದಿಗಿಂತ ನಿಮ್ಮ ಮುಂದೆ ಹೆಚ್ಚು ಧೈರ್ಯವಾಗಿ ಉತ್ತರಿಸುತ್ತಾರೆ.