ಮಗುವಿನ ವ್ಯಾಜ್ಯ ಯಾವ ಕೋರ್ಟಿಗೆ?



ಜಮೀನಿನ ವ್ಯಾಜ್ಯದ ಮಾತು ನಿಮಗೆ ಹೊಸದಲ್ಲ. ದೇವನೂರಿನ ಹೊಲದ ಮೇಲೆ ದಾವಾ ಹೂಡಬೇಕಾದರೆ ಆ ಹೊಲವಿರುವ ಸೀಮೆಯ ಕೋರ್ಟಿಗೇ ಹೋಗಬೇಕು. ಸರ್ವೆ ನಂಬರು ರಾತ್ರೋರಾತ್ರಿ ಬಸ್ಸು ಹತ್ತಿ ಬೇರೆ ಜಿಲ್ಲೆಗೆ ಹೋಗುವುದಿಲ್ಲ. ಮಗುವಾದರೋ ಎತ್ತಿಕೊಂಡವರ ಕಂಕುಳಲ್ಲಿ ಹೋಗುತ್ತದೆ. ಗಂಡಹೆಂಡಿರು ಅಗಲಿದಾಗ ಮಗು ಯಾರ ಬಳಿ ಇರಬೇಕೆಂಬುದಕ್ಕೆ ಮೊದಲೇ, ಅದನ್ನು ಯಾವ ಕೋರ್ಟು ತೀರ್ಮಾನಿಸಬೇಕೆಂಬ ಜಗಳ ಏಳುವುದು ಇದರಿಂದಲೇ.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ನಮ್ಮ ಕಡೆಯ ಹೆಣ್ಣುಮಗಳನ್ನು ತಾಳವಾಡಿಗೆ ಕೊಟ್ಟಿದೆ. ಅಲ್ಲಿಯೂ ಕನ್ನಡದ ಮಾತೇ. ಆದರೆ ಊರು ತಮಿಳುನಾಡಿನ ಈರೋಡು ಜಿಲ್ಲೆಗೆ ಸೇರಿದ್ದು. ಮನಸ್ತಾಪವಾಗಿ ಆಕೆ ಏಳು ವರ್ಷದ ಮಗನನ್ನು ಕರೆದುಕೊಂಡು ತವರಿಗೆ ಬಂದಳು. ಗಂಡ ಆ ಕಡೆ ಅರ್ಜಿ ಕೊಟ್ಟ, ಈಕೆ ಈ ಕಡೆ ಕೊಟ್ಟಳು. ಎರಡು ರಾಜ್ಯ, ಎರಡು ಹೈಕೋರ್ಟು, ಮಗು ಒಂದೇ.

ಇದಕ್ಕೆ ಮೂಲ ಕಾನೂನು ೧೮೯೦ರ ಗಾರ್ಡಿಯನ್ಸ್ ಅಂಡ್ ವಾರ್ಡ್ಸ್ ಆಕ್ಟ್. ಹಳೆಯದಾದರೂ ಇಂದಿಗೂ ಜಾರಿಯಲ್ಲಿದೆ; ಎಲ್ಲ ಮತದವರಿಗೂ ಅನ್ವಯಿಸುತ್ತದೆ. ಅದರ ೯ನೆಯ ಕಲಮಿನಂತೆ, ಮಗು ಸಾಮಾನ್ಯವಾಗಿ ಎಲ್ಲಿ ವಾಸವಾಗಿದೆಯೋ ಅಲ್ಲಿಯ ಜಿಲ್ಲಾ ನ್ಯಾಯಾಲಯಕ್ಕೆ ಅರ್ಜಿ ಕೊಡತಕ್ಕದ್ದು. ೧೯೮೪ರ ಕಾನೂನಿನ ಮೇರೆಗೆ ಕುಟುಂಬ ನ್ಯಾಯಾಲಯ ಏರ್ಪಟ್ಟ ಕಡೆ ಈ ಅಧಿಕಾರ ಅದರದು.

'ಸಾಮಾನ್ಯವಾಗಿ' ಎಂಬ ಮಾತನ್ನು ಗಮನಿಸಿ. ನಂಜನಗೂಡಿನ ಜಾತ್ರೆಗೆ ಬಂದು ನಾಲ್ಕು ದಿನ ನಿಂತರೆ ಅದು ವಾಸವಾಗದು. ಶಾಲೆ ಬಿಡುವ ಹೊತ್ತಿಗೆ ಕಾದು ಮಗುವನ್ನು ಹೊತ್ತುಕೊಂಡು ಹೋದರೂ ಅಷ್ಟರಿಂದಲೇ ಕೋರ್ಟು ಬದಲಾಗುವುದಿಲ್ಲ. ಮಗು ನೆಲೆಯೂರಿ ಓದುತ್ತಿದ್ದರೆ ಮಾತು ಬೇರೆ. ಅಮೆರಿಕದಿಂದ ತಾಯಿಯೊಡನೆ ಬಂದು ದೆಹಲಿಯಲ್ಲಿ ಸುಮಾರು ಮೂರು ವರ್ಷ ಇದ್ದು ಓದುತ್ತಿದ್ದ ಒಬ್ಬ ಹುಡುಗನ ವಿಷಯದಲ್ಲಿ, ಅಲ್ಲಿಯ ಕೋರ್ಟಿನ ಆಜ್ಞೆ ತಂದೆಯ ಕೈಯಲ್ಲಿದ್ದರೂ, ದೆಹಲಿಯ ಕೋರ್ಟಿಗೆ ಅಧಿಕಾರವಿದೆಯೆಂದು ಸುಪ್ರೀಂ ಕೋರ್ಟು ೨೦೧೧ರಲ್ಲಿ ಹೇಳಿತು.

ಹಾಗಿದ್ದಮೇಲೆ ಎರಡೆರಡು ಕಡೆ ಕೇಸು ಬರುವುದು ಹೇಗೆ? ಕಾನೂನು ಒಂದೇ ಅಲ್ಲ. ೧೯೫೫ರ ಹಿಂದೂ ವಿವಾಹ ಕಾಯಿದೆಯಂತೆ ವಿಚ್ಛೇದನದ ಅರ್ಜಿ ಕೇಳುವ ಕೋರ್ಟೂ ಮಗುವಿನ ಬಗ್ಗೆ ಆಜ್ಞೆ ಮಾಡಬಹುದು. ಆ ಅರ್ಜಿಯನ್ನು ಮದುವೆ ನಡೆದ ಊರಿನ ಕಡೆಯೂ ಕೊಡಬಹುದು, ಕೊನೆಗೆ ಕೂಡಿ ಬಾಳಿದ ಕಡೆಯೂ ಕೊಡಬಹುದು. ಹೆಂಡತಿಯೇ ಕೊಡುವುದಾದರೆ ಆಕೆ ಇರುವ ಕಡೆಯೂ ಆದೀತು. ೨೦೦೫ರ ಕೌಟುಂಬಿಕ ಹಿಂಸೆಯ ಕಾಯಿದೆಯಲ್ಲಿ, ಹೆಂಗಸು ತಾತ್ಕಾಲಿಕವಾಗಿ ತಂಗಿರುವ ಊರಿನ ಮ್ಯಾಜಿಸ್ಟ್ರೇಟರೂ ಸದ್ಯಕ್ಕೆ ಮಗುವನ್ನು ಆಕೆಯ ವಶಕ್ಕೆ ಕೊಡಬಹುದು. ಆದುದರಿಂದ ನಮ್ಮ ಉದಾಹರಣೆಯಲ್ಲಿ ಗಂಡನೂ ದಾರಿ ತಪ್ಪಿಲ್ಲ, ಹೆಂಡತಿಯೂ ತಪ್ಪಿಲ್ಲದೆ ಇರಬಹುದು.

ಪಾಲಕತ್ವದ ಅರ್ಜಿ ಎರಡು ಕೋರ್ಟುಗಳಲ್ಲಿ ಬಿದ್ದರೆ, ತಿಳಿದೊಡನೆ ಎರಡೂ ಕೋರ್ಟುಗಳು ವಿಚಾರಣೆ ನಿಲ್ಲಿಸತಕ್ಕದ್ದೆಂದು ೧೪ನೆಯ ಕಲಮು ಹೇಳುತ್ತದೆ. ಮೈಸೂರು, ಚಾಮರಾಜನಗರದಂತೆ ಒಂದೇ ಹೈಕೋರ್ಟಿನ ಕೆಳಗಿದ್ದರೆ ಆ ಹೈಕೋರ್ಟು ಗೊತ್ತುಮಾಡುತ್ತದೆ. ಬೇರೆ ರಾಜ್ಯವಾದರೆ ತಂತಮ್ಮ ಸರ್ಕಾರಗಳಿಗೆ ವರದಿ ಮಾಡಬೇಕೆಂದಿದೆ. ಬ್ರಿಟಿಷರ ಕಾಲದ ಈ ಏರ್ಪಾಡು ನನಗೇನೋ ವಿಚಿತ್ರವಾಗಿಯೇ ತೋರುತ್ತದೆ. ಕೇಸನ್ನು ಒಂದು ರಾಜ್ಯದಿಂದ ಇನ್ನೊಂದಕ್ಕೆ ವರ್ಗಾಯಿಸಿರೆಂದು ಸುಪ್ರೀಂ ಕೋರ್ಟನ್ನು ಕೇಳುವ ದಾರಿಯೂ ಉಂಟು. ಇಷ್ಟೆಲ್ಲ ಆಗುವುದರೊಳಗೆ ಹುಡುಗನ ಒಂದು ವರ್ಷದ ಓದು ಹೋಗಿರುತ್ತದೆ.

ಮಗುವನ್ನು ಬಚ್ಚಿಟ್ಟವರಿಗೆ ಲಾಭವೆಂದು ಕೆಲವರು ನಂಬಿದ್ದಾರೆ. ೧೯೫೬ರ ಹಿಂದೂ ಕಾನೂನು, ಐದು ವರ್ಷ ತುಂಬದ ಮಗು ಸಾಮಾನ್ಯವಾಗಿ ತಾಯಿಯ ಬಳಿ ಇರತಕ್ಕದ್ದೆನ್ನುತ್ತದೆ; ಎಲ್ಲಕ್ಕಿಂತ ಮಿಗಿಲಾಗಿ ನೋಡುವುದು ಮಗುವಿನ ಹಿತವನ್ನು. ತಿಳಿವಳಿಕೆ ಬಂದ ಮಗುವಾದರೆ ಅದರ ಇಷ್ಟವನ್ನೂ ಕೋರ್ಟು ಗಣನೆಗೆ ತಂದುಕೊಳ್ಳಬಹುದು. ಹೆದರಿಸಿ ಕರೆತಂದ ಮಗು ಅಲ್ಲಿ ಏನು ಹೇಳೀತೆಂದು ನೀವೇ ಯೋಚಿಸಿ.

ಇಂಥ ಸಂಕಟ ಬಂದವರು ಶಾಲೆಯ ದಾಖಲಾತಿ, ಲಸಿಕೆಯ ಕಾರ್ಡು, ರೇಷನ್ ಕಾರ್ಡು ಮೊದಲಾದವನ್ನು ಕೂಡಿಟ್ಟುಕೊಳ್ಳಿ. ಮಗುವಿನ ವಾಸವನ್ನು ತೋರಿಸುವುದು ಇವೇ. ಆಮೇಲೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ ಕೇಳಿ. ೧೯೮೭ರ ಕಾಯಿದೆಯಂತೆ ಹೆಂಗಸರಿಗೂ, ಮಕ್ಕಳಿಗೂ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೂ ವರಮಾನ ಎಷ್ಟೇ ಇರಲಿ, ವಕೀಲರ ನೆರವು ಉಚಿತ. ೧೫೧೦೦ಕ್ಕೆ ಫೋನು ಮಾಡಿದರೂ ಆಗುತ್ತದೆ. ಎದುರಿನವರು ಬೇರೆ ಕಡೆ ಕೇಸು ಹಾಕಿರುವುದು ಗೊತ್ತಿದ್ದರೆ, ಅದರ ನಂಬರನ್ನು ಮುಚ್ಚಿಡದೆ ನಿಮ್ಮ ವಕೀಲರಿಗೆ ಮೊದಲ ದಿನವೇ ಬರೆದುಕೊಡಿ.