ಕೋವಿಯ ಹಿಡಿ ಬದಲಿಸುವ ಮುನ್ನ

ಶಿವಮೊಗ್ಗ, ಭದ್ರಾವತಿ ಸುತ್ತಿನ ತೋಟಗಳಲ್ಲಿ ಬೆಳೆ ರಕ್ಷಣೆಗೆಂದು ಪರವಾನಗಿ ಪಡೆದ ಕೋವಿಗಳಿಗೆ ಹೊಸ ಹಿಡಿಯನ್ನೋ ಬೇರೊಂದು ಸಲಕರಣೆಯನ್ನೋ ಜೋಡಿಸಲು ಹೊರಡುವವರು ಮೊದಲು 1959ರ ಶಸ್ತ್ರಾಸ್ತ್ರ ಕಾಯ್ದೆಯ ವ್ಯಾಖ್ಯೆಯನ್ನು ಗಮನಿಸುವುದು ಒಳಿತು. ಅದರ ಪ್ರಕಾರ ಬಂದೂಕು ಎಂದರೆ ಗುಂಡು ಹಾರಿಸುವ ಆಯುಧವಷ್ಟೇ ಅಲ್ಲ, ಅದರ ಬಿಡಿಭಾಗಗಳೂ, ಹಾರಿಸುವಾಗಿನ ಸದ್ದನ್ನೋ ಬೆಳಕನ್ನೋ ತಗ್ಗಿಸಲು ರೂಪಿಸಿದ ಸಲಕರಣೆಗಳೂ ಅದರಲ್ಲಿ ಸೇರುತ್ತವೆ. ಅಂದರೆ ಸೈಲೆನ್ಸರ್ ಎಂಬ ಕೊಳವೆಯೊಂದೇ ಕೈಯಲ್ಲಿದ್ದು ಕೋವಿಯೇ ಇಲ್ಲದಿದ್ದರೂ ಕಾನೂನಿನ ಕಣ್ಣಿಗೆ ಅದು ಬಂದೂಕೇ. ಅಮೆರಿಕದ ಕ್ಯಾಲಿಫೋರ್ನಿಯ ರಾಜ್ಯವು ಕೆಲವು ಬಗೆಯ ರೈಫಲ್‌ಗಳ ಪಿಸ್ತೂಲು ಹಿಡಿಯನ್ನು ಹೆಸರಿಸಿಯೇ ನಿರ್ಬಂಧಿಸಿದರೆ, ಇಲ್ಲಿನ ಕಾಯ್ದೆ ‘ಭಾಗ’ ಎಂಬ ಒಂದೇ ಪದದಲ್ಲಿ ಬಲೆ ಬೀಸಿದೆ. ಇದು ಜಾಣತನವೋ ಅಸ್ಪಷ್ಟತೆಯೋ, ಹೊರೆಯಂತೂ ಪರವಾನಗಿದಾರರದು.

ಕೇಪಿನ ಕೋವಿಯ ಬಿರುಕುಬಿಟ್ಟ ಹಿಡಿಗೆ ಊರ ಬಡಗಿಯಿಂದ ಹಲಸಿನ ಮರದ ತುಂಡು ಕೂರಿಸುವುದು ನಿರುಪದ್ರವಿಯಾಗಿ ಕಂಡರೂ, 5ನೇ ಕಲಮು ದುರಸ್ತಿ, ಮಾರ್ಪಾಟುಗಳಿಗೂ ಪರವಾನಗಿ ಕೇಳುವುದರಿಂದ, ಆ ಕೆಲಸವನ್ನು ಪರವಾನಗಿಯುಳ್ಳ ಕೋವಿ ದುರಸ್ತಿಗಾರರಿಗೆ ಒಪ್ಪಿಸುವುದೇ ಕ್ಷೇಮ. ನಳಿಗೆಯನ್ನು ಕತ್ತರಿಸಿ ಗಿಡ್ಡ ಮಾಡುವುದಕ್ಕೆ 6ನೇ ಕಲಮಿನ ಪ್ರತ್ಯೇಕ ತಡೆಯಿದೆ. ಒಂದು ವರ್ಗದ ಬಂದೂಕನ್ನು ಇನ್ನೊಂದು ವರ್ಗಕ್ಕೆ ಬದಲಿಸುವುದನ್ನೂ 2019ರ ತಿದ್ದುಪಡಿ ಅದೇ ಕಲಮಿಗೆ ಸೇರಿಸಿತು. ಸಂಶಯವಿದ್ದಲ್ಲಿ ಭದ್ರಾವತಿಯವರೂ ಶಿವಮೊಗ್ಗದ ಜಿಲ್ಲಾಧಿಕಾರಿ ಕಚೇರಿಗೇ ಅರ್ಜಿ ಬರೆದು, ಲಿಖಿತ ಉತ್ತರ ಕೈಸೇರಿದ ಮೇಲೆ ಮುಂದುವರಿಯಬಹುದು.