ಸಿಂಧುತ್ವಕ್ಕೆ ಕಾಯುತ್ತಿರುವ ಮಗಳಿಗೆ

ಮಗಳೇ, ಜಾತಿ ಸಿಂಧುತ್ವ ಪ್ರಮಾಣಪತ್ರಕ್ಕೆ ಅರ್ಜಿ ಕೊಟ್ಟು ನಾಲ್ಕು ತಿಂಗಳಾಯಿತು, ಹೋದಾಗಲೆಲ್ಲ ‘ಮುಂದಿನ ವಾರ ಬನ್ನಿ’ ಅನ್ನುತ್ತಾರೆ ಎಂದು ನಿನ್ನೆ ಫೋನಿನಲ್ಲಿ ಕಣ್ಣೀರಿಟ್ಟೆ. ಇದೇ ಮಾತು ನಂಬಿ ನಿನ್ನ ಚಿಕ್ಕಪ್ಪ ಕೈಗೆ ಬಂದ ಕೆಲಸ ಕಳೆದುಕೊಂಡ. ಅವನ ಹತ್ತಿರ ಕಂತೆ ಬಸ್ ಟಿಕೆಟ್ ಇತ್ತು, ಸೀಲು ಬಿದ್ದ ಒಂದು ಕಾಗದ ಇರಲಿಲ್ಲ. ಶಿಡ್ಲಘಟ್ಟದವಳು ನೀನು, ನಿನಗೆ ಗೊತ್ತು: ರೇಷ್ಮೆಗೂಡು ಬಿಚ್ಚಲು ತಡಮಾಡಿದರೆ ಚಿಟ್ಟೆ ಕೊರೆದುಕೊಂಡು ಹೊರಬರುತ್ತದೆ, ಆಮೇಲೆ ಎಳೆ ಸಿಗದು. ನಿನ್ನ ಹೆಸರಿರುವ ಕೆಲಸದ ಆಯ್ಕೆಪಟ್ಟಿಯೂ ಹಾಗೇ ಕಣಮ್ಮ, ಕಾಯುವುದಿಲ್ಲ.

ನಾಳೆಯೇ ಜಾತಿ ಪರಿಶೀಲನಾ ಸಮಿತಿಗೆ ಒಂದು ಮನವಿ ಬರೆ. ಅರ್ಜಿ ಸಂಖ್ಯೆ, ಕೊಟ್ಟ ದಿನ, ನೇಮಕಾತಿಯ ಗಡುವು ಮೂರೂ ಇರಲಿ. ನಕಲಿನ ಮೇಲೆ ಸೀಲು, ತಾರೀಕು ಹಾಕಿಸಿಕೋ. ಹಾಕಲೊಪ್ಪದಿದ್ದರೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸು. ತಹಶೀಲ್ದಾರರ ಜಾತಿ ಪ್ರಮಾಣಪತ್ರ ತಡವಾದರೆ ಸಕಾಲ ಕಾಯ್ದೆಯಡಿ ಮೇಲ್ಮನವಿ ಇದೆ, ದಿನಕ್ಕೆ 20 ರೂಪಾಯಿಯಂತೆ 500ರವರೆಗೆ ಪರಿಹಾರವೂ ಇದೆ. ನಿನ್ನದು ಅದಲ್ಲ, ಪರಿಶೀಲನಾ ಸಮಿತಿ ಕೊಡುವ ಸಿಂಧುತ್ವ ಪ್ರಮಾಣಪತ್ರ. 1994ರ ಮಾಧುರಿ ಪಾಟೀಲ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಇಂಥ ವಿಚಾರಣೆ ಎರಡು ತಿಂಗಳು ದಾಟಬಾರದು ಎಂದಿತು. ಮಹಾರಾಷ್ಟ್ರದ ಮಹಾದೇವ ಕೋಳಿಗಳ ವಿಷಯದಲ್ಲಿ ಬಂದ ತೀರ್ಪು. ನಿನ್ನ ಮನವಿಯಲ್ಲೂ ಅದರ ಹೆಸರು ಬರೆ.

ಆಗಲೂ ಉತ್ತರ ಬಾರದಿದ್ದರೆ ಬೆಂಗಳೂರಿನ ಹೈಕೋರ್ಟಿನಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಹಾಕು. ಅಲ್ಲಿ ‘ನನ್ನನ್ನು ಪರಿಶಿಷ್ಟ ಪಂಗಡದವಳೆಂದು ಸಾರಿ’ ಎಂದು ಕೇಳಬೇಡ. ಅದನ್ನು ಸಮಿತಿಯೇ ದಾಖಲೆ ನೋಡಿ ತೀರ್ಮಾನಿಸಬೇಕು. ‘ಇಷ್ಟು ವಾರದೊಳಗೆ ತೀರ್ಮಾನಿಸಿ, ಅಲ್ಲಿಯವರೆಗೆ ನನ್ನ ಹುದ್ದೆ ಬೇರೆಯವರಿಗೆ ಕೊಡಬೇಡಿ’ ಎಂದು ಕೇಳು. ಆ ಆದೇಶವನ್ನೂ ಮೀರಿದರೆ ನ್ಯಾಯಾಂಗ ನಿಂದನೆ ಅರ್ಜಿ ಇದೆ, ಒಂದು ವರ್ಷದೊಳಗೆ ಹಾಕಬೇಕು.

ನಮ್ಮ ಕಡೆಯ ತೊಡಕು ಗಡಿಯದು. 1991ರಲ್ಲಿ ಬೇಡ, ಬೇಡರ್, ವಾಲ್ಮೀಕಿ ಹೆಸರುಗಳು ಕರ್ನಾಟಕದ ಪರಿಶಿಷ್ಟ ಪಂಗಡಗಳ ಪಟ್ಟಿಯಲ್ಲಿ ನಮ್ಮ ನಾಯಕರ ಜೊತೆ ಸೇರಿದವು. ಗೌರಿಬಿದನೂರಿನಿಂದ ಗಡಿ ದಾಟಿ ಆಂಧ್ರದ ಹಿಂದೂಪುರಕ್ಕೆ ಹೋದರೆ ವಾಲ್ಮೀಕಿ ಬೋಯರು ಹಿಂದುಳಿದ ವರ್ಗ. ಅತ್ತಲಿಂದ ವಲಸೆ ಬಂದವರಿಗೆ ಇಲ್ಲಿನ ಮೀಸಲಾತಿ ಸಿಗದು. ನಿನ್ನ ಅಮ್ಮನ ತವರು ಹಿಂದೂಪುರ. ಅವಳ ಶಾಲೆಯ ಕಾಗದ ಮುಂದಿಟ್ಟರೆ ಬರೀ ಗೊಂದಲ. ಅಪ್ಪನ ಕಡೆಯ ವಂಶವೃಕ್ಷ, ಪಹಣಿ, ಶಾಲೆಯ ದಾಖಲೆ ಕೊಡು. ಸ್ವಾತಂತ್ರ್ಯಕ್ಕೆ ಮೊದಲಿನ ಕಾಗದಕ್ಕೆ ಹೆಚ್ಚು ತೂಕವಿದೆ ಎಂದು 2011ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ.

ವಕೀಲರ ಫೀಜಿಗೆ ಅಂಜಬೇಡ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ ವರಮಾನ ಎಷ್ಟೇ ಇರಲಿ ಉಚಿತ ಕಾನೂನು ನೆರವು ಉಂಟು, ಜಾತಿ ಇತ್ಯರ್ಥವಾಗುವ ತನಕ ಕಾಯಬೇಕಿಲ್ಲ. ತಾಲ್ಲೂಕು ಕೋರ್ಟಿನ ಕಾನೂನು ಸೇವಾ ಸಮಿತಿಯಲ್ಲಿ ಕೇಳು.

ನಿನ್ನ ಮುತ್ತಾತ ಓದಿದ್ದು ಚಿಂತಾಮಣಿ ಕಡೆಯ ಶಾಲೆಯಲ್ಲಿ. ದಾಖಲಾತಿ ಪುಸ್ತಕದಲ್ಲಿ ಅವರ ಹೆಸರಿನ ಮುಂದೆ ‘ನಾಯಕ’ ಎಂದು ಬರೆದಿರುವುದನ್ನು ನಾನೇ ಕಂಡಿದ್ದೇನೆ. ಸೋಮವಾರ ಹೋಗಿ ದೃಢೀಕೃತ ನಕಲು ತರುತ್ತೇನೆ. ಅಷ್ಟರಲ್ಲಿ ನಿನ್ನ ಮನವಿ ಬರೆದಿಟ್ಟಿರು.